ಗೋಡೆ ಬಿದ್ದರೂ ನಗದ ಬಸ್ಟರ್ ಕೀಟನ್

ಬಿರುಗಾಳಿಗೆ ಮನೆಯ ಮುಂಗೋಡೆ ಇಡಿಯಾಗಿ ಕಳಚಿ ಬೀಳುತ್ತೆ. ಕೆಳಗೆ ನಿಂತವನಿಗೆ ಏನೂ ಆಗಲ್ಲ, ಕಿಟಕಿಯ ಕಿಂಡಿ ಸರಿಯಾಗಿ ಅವನ ಮೇಲೆ ಹಾದುಹೋಗಿರುತ್ತೆ. ಈ ಕಪ್ಪು ಬಿಳುಪಿನ ತುಣುಕು ನಿಮ್ಮ ವಾಟ್ಸಾಪಿಗೂ ಬಂದಿರಬಹುದು. ನಮ್ಮ ಗುಂಪಿಗೆ ಬಂದಾಗ ಮೂರು ಜನ "ಚಾಪ್ಲಿನ್" ಅಂದರು. ಅಲ್ಲ, ಆತ ಬಸ್ಟರ್ ಕೀಟನ್. ಚಿತ್ರ 1928ರ 'ಸ್ಟೀಮ್‌ಬೋಟ್ ಬಿಲ್ ಜೂನಿಯರ್'. ಆ ಗೋಡೆ ರಟ್ಟಿನದಲ್ಲ, ಸುಮಾರು ಎರಡು ಟನ್ ತೂಕದ್ದು. ನಿಲ್ಲುವ ಜಾಗ ಸ್ವಲ್ಪ ಆಚೀಚೆ ಆಗಿದ್ದರೂ ಅಲ್ಲೇ ಕತೆ ಮುಗಿಯುತ್ತಿತ್ತು.

ಕೀಟನ್ ಹುಟ್ಟಿದ್ದು 1895ರಲ್ಲಿ, ಅಮೆರಿಕದ ಕಾನ್ಸಾಸ್ ರಾಜ್ಯದ ಪಿಕ್ವಾ ಅನ್ನೋ ಸಣ್ಣ ಊರಲ್ಲಿ. ಅಪ್ಪ ಅಮ್ಮ ಊರೂರು ಸುತ್ತುವ ಕಲಾವಿದರು. ನಮ್ಮ ಕಂಪನಿ ನಾಟಕದವರ ಹಾಗೆ, ಕ್ಯಾಂಪ್ ಎಲ್ಲಿ ಬಿತ್ತೋ ಅಲ್ಲೇ ಸಂಸಾರ. ಹುಡುಗ ಎಳವೆಯಲ್ಲೇ ರಂಗ ಹತ್ತಿದ. ಅಪ್ಪ ಅವನನ್ನು ಎತ್ತಿ ಒಗೆಯೋದೇ ಆಟ. ಹಿಡಿಯಲು ಸಲೀಸಾಗಲಿ ಅಂತ ಹುಡುಗನ ಅಂಗಿಗೆ ಸೂಟ್‌ಕೇಸಿನ ಹಿಡಿ ಹೊಲಿದಿದ್ದರು! ಮಕ್ಕಳ ರಕ್ಷಣೆಯವರು ಎಷ್ಟೋ ಸಲ ತಡೆಯಲು ಬಂದರು. ಬರಬೇಕಾದ್ದೇ ಅನ್ನುತ್ತೇವೆ ನಾವು. ಆದರೆ ಪೆಟ್ಟಾಗದಂತೆ ಬೀಳುವುದನ್ನು ಆತ ಕಲಿತಿದ್ದು ಅಲ್ಲೇ. ಬಿದ್ದವನು ತಾನೇ ನಕ್ಕರೆ ಜನ ನಗಲ್ಲ ಅನ್ನೋದನ್ನೂ ಅಲ್ಲೇ ಕಂಡುಕೊಂಡ. ಮುಂದೆ ಜನ ಅವನನ್ನು 'ಕಲ್ಲುಮುಖದವ' ಅಂತ ಕರೆದದ್ದು ಅದಕ್ಕೇ.

1917ರಲ್ಲಿ ಆಗಿನ ದೊಡ್ಡ ಹಾಸ್ಯನಟ ರೋಸ್ಕೋ ಆರ್ಬಕಲ್ ಜೊತೆ ಸಿನಿಮಾಕ್ಕೆ ಬಂದ. ಕ್ಯಾಮೆರಾದ ಒಳಗೆ ಏನಿದೆ, ಹೇಗೆ ತಿರುಗುತ್ತೆ ಅಂತ ಮೊದಲು ಅದನ್ನೇ ತಿಳಿದುಕೊಂಡನಂತೆ. 1920ರಿಂದ ತನ್ನದೇ ತಂಡ, ತನ್ನದೇ ಐಡಿಯಾ. 'ಷರ್ಲಾಕ್ ಜೂನಿಯರ್' ಚಿತ್ರೀಕರಣದಲ್ಲಿ ರೈಲ್ವೆ ನೀರಿನ ಟ್ಯಾಂಕಿನ ಹೊಡೆತಕ್ಕೆ ಕುತ್ತಿಗೆ ಮೂಳೆ ಮುರಿಯಿತು. ಅದು ಗೊತ್ತಾಗಿದ್ದು ಎಷ್ಟೋ ವರ್ಷದ ಮೇಲೆ, ಎಕ್ಸ್‌ರೇ ತೆಗೆದಾಗ. 1926ರ 'ದಿ ಜನರಲ್'ಗೆ ಉರಿಯುವ ಸೇತುವೆಯ ಮೇಲಿಂದ ನಿಜವಾದ ರೈಲು ಎಂಜಿನ್ನನ್ನೇ ಹೊಳೆಗೆ ಬೀಳಿಸಿದರು. ಎರಡನೇ ಮಹಾಯುದ್ಧದ ಕಾಲಕ್ಕೆ ಗುಜರಿಗೆ ಎತ್ತುವವರೆಗೂ ಆ ಎಂಜಿನ್ ಹೊಳೆಯಲ್ಲೇ ಬಿದ್ದಿತ್ತು. ಈಗ ಜಗತ್ತು ಹೊಗಳುವ ಆ ಚಿತ್ರಕ್ಕೆ ಆಗ ಹಾಕಿದ ದುಡ್ಡು ಹುಟ್ಟಲಿಲ್ಲ.

ನಮಗೆ ಬೇಸರ ತರಿಸುವುದು ಮುಂದಿನದು. ಚಾಪ್ಲಿನ್ ತನ್ನ ಚಿತ್ರಗಳಿಗೆ ತಾನೇ ಮಾಲೀಕ. ಕೀಟನ್ ಹೆಸರಿನ ಕಂಪನಿಯಲ್ಲಿ ಕೀಟನ್‌ಗೆ ಪಾಲೇ ಇರಲಿಲ್ಲ, ಎಲ್ಲ ಕೈಯಲ್ಲಿದ್ದದ್ದು ನಿರ್ಮಾಪಕ ಜೋಸೆಫ್ ಶೆಂಕ್‌ಗೆ. ಪ್ರಾಣ ಪಣಕ್ಕಿಟ್ಟವನ ಹತ್ತಿರ ಕಾಗದಪತ್ರ ಇಲ್ಲ! 1928ರಲ್ಲಿ ಶೆಂಕ್ ಮಾತು ಕೇಳಿ ಎಂಜಿಎಂ ಸ್ಟುಡಿಯೋಗೆ ಸಹಿ ಹಾಕಿದ. ಬೇಡ ಅಂತ ಚಾಪ್ಲಿನ್ ಹೇಳಿದ್ದ. ಸಂಬಳವೇನೋ ಬಂತು, ಆದರೆ ಕತೆ, ತಮಾಷೆ ಎಲ್ಲ ಬೇರೆಯವರು ಬರೆಯೋದು. ಮಾತಿನ ಚಿತ್ರ ಬಂತು, ಕುಡಿತ ಹೆಚ್ಚಿತು, ಮದುವೆ ಮುರಿಯಿತು. 1933ರಲ್ಲಿ ಸ್ಟುಡಿಯೋ ಕೆಲಸದಿಂದ ತೆಗೆಯಿತು. ಸಹಿ ಹಾಕಿದ್ದೇ ಬದುಕಿನ ದೊಡ್ಡ ತಪ್ಪು ಅಂತ ಆತನೇ ಮುಂದೆ ಹೇಳಿಕೊಂಡ. ಕೆಲ ವರ್ಷ ಬಿಟ್ಟು ಅದೇ ಸ್ಟುಡಿಯೋದಲ್ಲಿ ಕಡಿಮೆ ಸಂಬಳಕ್ಕೆ ಬೇರೆ ನಟರಿಗೆ ತಮಾಷೆ ಹೊಸೆದುಕೊಟ್ಟ.

1940ರಲ್ಲಿ ಎಲೀನರ್ ನಾರಿಸ್ ಜೊತೆ ಆದ ಮದುವೆ ಕೊನೆತನಕ ನಿಂತಿತು. 1950ರ ದಶಕದಲ್ಲಿ ಆತನ ಹಳೇ ಬಂಗಲೆ ಕೊಂಡಿದ್ದ ನಟ ಜೇಮ್ಸ್ ಮೇಸನ್‌ಗೆ ಅಲ್ಲೇ ಹಳೆಯ ರೀಲುಗಳು ಸಿಕ್ಕವು. ಚಿತ್ರಗಳು ಮತ್ತೆ ತೆರೆ ಕಂಡವು. 1965ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ಸಭೆಯೆಲ್ಲ ಎದ್ದು ನಿಂತು ಚಪ್ಪಾಳೆ ತಟ್ಟಿತು. 1966ರ ಫೆಬ್ರವರಿ 1ರಂದು ತೀರಿಕೊಂಡಾಗ ವಯಸ್ಸು 70.

'ದಿ ಜನರಲ್' ಯೂಟ್ಯೂಬಿನಲ್ಲಿ ಪುಕ್ಕಟೆ ಸಿಗುತ್ತೆ. ಡೇಟಾ ಕಡಿಮೆ ಇದ್ದವರು 1920ರ 'ಒನ್ ವೀಕ್' ನೋಡಿ, ಅರ್ಧ ಗಂಟೆಯೂ ಇಲ್ಲ. ಹೊಸ ಗಂಡ ಹೆಂಡತಿ ಬಿಡಿಭಾಗ ಜೋಡಿಸಿ ಮನೆ ಕಟ್ಟುವ ಕತೆ. ಇಂಗ್ಲಿಷ್ ಬರಬೇಕಂತಿಲ್ಲ, ಮನೆಯ ಅಜ್ಜಿಯನ್ನೂ ಪಕ್ಕದಲ್ಲಿ ಕೂರಿಸಿಕೊಳ್ಳಿ.