‘ಅರ್ಧನೇಮಿ’ಯ ಕವಿ: ಹೊಯ್ಸಳ ನಾಡಿನ ನೇಮಿಚಂದ್ರ

ಗದ್ಯದಲ್ಲಿ ಬರೆದ ದೀರ್ಘ ಕಲ್ಪಿತ ಕಥೆಯನ್ನು ಕನ್ನಡಿಗರು ‘ಕಾದಂಬರಿ’ ಎಂದು ಕರೆಯುತ್ತಾರೆ. ಅದು ಬಾಣಭಟ್ಟನ ಕೃತಿಯ ಹೆಸರು. ಆ ಕೃತಿಯ ನಾಯಿಕೆಯ ಹೆಸರೂ ಹೌದು. ಜನ್ಮಾಂತರ, ಶಾಪ, ಮಾತನಾಡುವ ಗಿಳಿ, ಗಂಧರ್ವಲೋಕಗಳಿಂದ ತುಂಬಿದ ಅದ್ಭುತ ಕಥೆಯೊಂದು ಇಡೀ ಪ್ರಕಾರಕ್ಕೆ ತನ್ನ ಹೆಸರನ್ನು ಕೊಟ್ಟಿತು. ಆದರೂ ಅದ್ಭುತ ಕಥಾಸಾಹಿತ್ಯದ ಚರಿತ್ರೆಯನ್ನು ಹೇಳುವಾಗ ಆಧುನಿಕ ಲೇಖಕರಿಂದಲೇ ಆರಂಭಿಸುವುದು ವಾಡಿಕೆಯಾಗಿದೆ. ಈ ಪರಂಪರೆಯ ಹಿರಿಯನೊಬ್ಬ ಹನ್ನೆರಡನೆಯ ಶತಮಾನದ ಉತ್ತರಾರ್ಧದಲ್ಲಿದ್ದನು. ಅವನು ‘ಲೀಲಾವತಿ ಪ್ರಬಂಧಂ’ ಮತ್ತು ‘ನೇಮಿನಾಥಪುರಾಣ’ಗಳನ್ನು ರಚಿಸಿದ ಜೈನಕವಿ ನೇಮಿಚಂದ್ರ.

ಅರಸೀಕೆರೆ, ಕಣಕಟ್ಟೆ, ಬೇಲೂರು, ಹಳೇಬೀಡುಗಳ ಸೀಮೆ ಅಂದಿನ ಹೊಯ್ಸಳ ನಾಡಿನ ಹೃದಯಭಾಗ. ಇಂದಿನ ಹಳೇಬೀಡೇ ಅಂದಿನ ದೋರಸಮುದ್ರ. ಅಲ್ಲಿ ಇಮ್ಮಡಿ ವೀರಬಲ್ಲಾಳನು 1173ರಿಂದ 1220ರವರೆಗೆ ಆಳಿದನು. ಅವನ ಮಂತ್ರಿಯಾದ ಬ್ರಾಹ್ಮಣ ಚಂದ್ರಮೌಳಿ ರುದ್ರಭಟ್ಟನಿಗೆ ಆಶ್ರಯವಿತ್ತನು. ಚಂದ್ರಮೌಳಿಯ ಪತ್ನಿ, ಜಿನಭಕ್ತೆ ಆಚಿಯಕ್ಕ, 1181ರಲ್ಲಿ ಶ್ರವಣಬೆಳಗೊಳದ ಅಕ್ಕನ ಬಸದಿಯನ್ನು ಕಟ್ಟಿಸಿದಳು. ಕಲಚುರಿಗಳ ಸಚಿವನಾಗಿದ್ದು ಬಳಿಕ ಬಲ್ಲಾಳನ ಬಳಿಗೆ ಬಂದ ರೇಚರಸನು 1220ರಲ್ಲಿ ಅರಸೀಕೆರೆಯಲ್ಲಿ ಸಹಸ್ರಕೂಟ ಜಿನಬಿಂಬವನ್ನು ಪ್ರತಿಷ್ಠಾಪಿಸಿದನು. ಹೀಗೆ ಮತಗಳು ಒಂದೇ ಮನೆಯೊಳಗೆ, ಒಂದೇ ಆಸ್ಥಾನದೊಳಗೆ ಕೂಡಿ ಬಾಳಿದ ಕಾಲವದು. ಬಲ್ಲಾಳನ ಮತ್ತೊಬ್ಬ ಮಂತ್ರಿ ಪದ್ಮನಾಭನು ನೇಮಿಚಂದ್ರನ ಪುರಾಣರಚನೆಗೆ ಪ್ರೇರಕನಾದನು.

ಪಂಪನ ಕಾಲದಿಂದ ಜೈನಕವಿಗಳ ಮುಂದೆ ಎರಡು ದಾರಿಗಳಿದ್ದವು. ತೀರ್ಥಂಕರನ ಚರಿತೆಯನ್ನು ಹೇಳುವ ಆಗಮಿಕ ಕಾವ್ಯ ಒಂದು, ಲೌಕಿಕ ಕಾವ್ಯ ಇನ್ನೊಂದು. ಪಂಪನು ‘ಆದಿಪುರಾಣ’ದ ಜೊತೆಗೆ ‘ವಿಕ್ರಮಾರ್ಜುನ ವಿಜಯ’ವನ್ನೂ ರನ್ನನು ‘ಅಜಿತಪುರಾಣ’ದ ಜೊತೆಗೆ ‘ಗದಾಯುದ್ಧ’ವನ್ನೂ ಬರೆದರು. ಇವರ ಲೌಕಿಕ ಕಾವ್ಯಗಳಿಗೆ ಭಾರತಕಥೆಯ ಆಧಾರವಿತ್ತು. ಅರ್ಜುನನಲ್ಲಿ ಅರಿಕೇಸರಿಯನ್ನು, ಭೀಮನಲ್ಲಿ ಸತ್ಯಾಶ್ರಯನನ್ನು ಕಾಣುವ ರಾಜನಿಷ್ಠೆಯೂ ಇತ್ತು. ನೇಮಿಚಂದ್ರನು ಈ ಎರಡು ಆಸರೆಗಳನ್ನೂ ಬಿಟ್ಟನು. ಅವನ ‘ಲೀಲಾವತಿ’ ಇತಿಹಾಸವೂ ಅಲ್ಲ, ಪುರಾಣವೂ ಅಲ್ಲ, ಆಶ್ರಯದಾತನ ಪ್ರತಿಬಿಂಬವೂ ಅಲ್ಲ. ಅದು ಶುದ್ಧ ಕಲ್ಪಿತ ಕಥೆ.

ಜಯಂತೀಪುರ ಎಂದರೆ ಬನವಾಸಿ. ಅಲ್ಲಿಯ ಕದಂಬ ರಾಜಕುಮಾರ ಕಂದರ್ಪದೇವನು ಕನಸಿನಲ್ಲಿ ಒಬ್ಬ ಸುಂದರಿಯನ್ನು ಕಾಣುತ್ತಾನೆ. ಎಚ್ಚರಗೊಂಡ ಮೇಲೂ ಆ ರೂಪ ಅವನನ್ನು ಬಿಡುವುದಿಲ್ಲ. ಗೆಳೆಯ ಮಕರಂದನೊಡನೆ ಅವನು ಅವಳನ್ನು ಅರಸುತ್ತ ಹೊರಡುತ್ತಾನೆ. ಅತ್ತ ಲೀಲಾವತಿಯೂ ಅವನನ್ನು ಕನಸಿನಲ್ಲಿಯೇ ಕಂಡಿರುತ್ತಾಳೆ. ಹಲವು ಸಾಹಸಗಳು ಕಳೆದ ಮೇಲೆ ಅವರಿಬ್ಬರ ವಿವಾಹವಾಗುತ್ತದೆ. ಸುಬಂಧುವಿನ ‘ವಾಸವದತ್ತಾ’ ಇದಕ್ಕೆ ಮಾದರಿ ಎಂಬುದು ಸ್ಪಷ್ಟ. ಆದರೆ ಸಂಸ್ಕೃತ ಗದ್ಯಕಥೆಯನ್ನು ಕನ್ನಡದ ಚಂಪುವಿಗೆ ಒಗ್ಗಿಸಿ, ಬನವಾಸಿಯ ನೆಲದಲ್ಲಿ ನೆಟ್ಟದ್ದು ನೇಮಿಚಂದ್ರನ ಸ್ವಂತ ಸಾಧನೆ.

ಕಥೆ ತೆಳು, ವರ್ಣನೆ ವಿಪರೀತ, ಶೃಂಗಾರ ಅತಿಯಾಯಿತು ಎಂಬ ಆಕ್ಷೇಪಗಳು ಈ ಕಾವ್ಯದ ಮೇಲಿವೆ. ಅವು ನಿರಾಧಾರವಲ್ಲ. ವರ್ಣನೆಗಳ ನಡುವೆ ಕಥೆ ಎಷ್ಟೋ ಸಲ ನಿಂತುಬಿಡುತ್ತದೆ. ಆದರೆ ಇದೇ ಕಾವ್ಯದ ಪ್ರಸಿದ್ಧ ಪದ್ಯವೊಂದರಲ್ಲಿ ಕವಿಯು ತನ್ನ ನಿಲುವನ್ನು ಸಾರಿದ್ದಾನೆ. ಕಪಿಗಳು ಕಡಲಿಗೆ ಸೇತುವೆ ಕಟ್ಟಿದವೋ ಇಲ್ಲವೋ, ವಾಮನನ ಪಾದ ಮುಗಿಲನ್ನು ಮುಟ್ಟಿತೋ ಇಲ್ಲವೋ, ಅರ್ಜುನನು ಶಿವನ ಗಂಟಲನ್ನು ಮೆಟ್ಟಿದನೋ ಇಲ್ಲವೋ. ಕವಿಗಳಂತೂ ತಮ್ಮ ಕೃತಿಗಳಲ್ಲಿ ಅದನ್ನೆಲ್ಲ ಮಾಡಿಯೇ ತೋರಿಸಿದರು ಎಂಬುದು ಅದರ ತಾತ್ಪರ್ಯ. ಘಟನೆ ನಿಜವೇ ಎಂಬ ಪ್ರಶ್ನೆಯನ್ನು ಇಲ್ಲಿ ಕವಿಯು ಬದಿಗಿರಿಸಿದ್ದಾನೆ. ಕಾವ್ಯದ ಸತ್ಯ ಕಾವ್ಯದೊಳಗೇ ಉಂಟು ಎನ್ನುವ ಈ ಮಾತು ಅದ್ಭುತ ಕಥೆಯನ್ನು ಬರೆಯುವ ಎಲ್ಲ ಕಾಲದ ಲೇಖಕರ ಪರವಾದ ವಾದವೂ ಆಗಿದೆ.

ಅವನ ಎರಡನೆಯ ಕೃತಿ ಇಪ್ಪತ್ತೆರಡನೆಯ ತೀರ್ಥಂಕರನಾದ ನೇಮಿನಾಥನ ಪುರಾಣ. ಕರ್ಣಪಾರ್ಯನು ಇದೇ ವಸ್ತುವನ್ನು ಮೊದಲೇ ಕನ್ನಡಕ್ಕೆ ತಂದಿದ್ದನು. ಜೈನ ಪರಂಪರೆಯಲ್ಲಿ ನೇಮಿನಾಥನೂ ಕೃಷ್ಣನೂ ದಾಯಾದಿಗಳು. ಆದುದರಿಂದ ಹರಿವಂಶದ ಕಥೆ ಈ ಪುರಾಣದೊಳಗೆ ಸೇರಿಕೊಳ್ಳುತ್ತದೆ. ನೇಮಿಚಂದ್ರನ ಪುರಾಣವು ಕಂಸವಧೆಯವರೆಗೆ ಬಂದು ನಿಂತಿದೆ. ಅದಕ್ಕೆ ‘ಅರ್ಧನೇಮಿ’ ಎಂಬ ಹೆಸರು ಬಂದುದು ಇದರಿಂದಲೇ. ರುದ್ರಭಟ್ಟನು ‘ಜಗನ್ನಾಥ ವಿಜಯ’ದಲ್ಲಿ ವೈದಿಕ ಪರಂಪರೆಯ ಕೃಷ್ಣನನ್ನು ಹಾಡಿದ್ದೂ ಇದೇ ಬಲ್ಲಾಳನ ಕಾಲದಲ್ಲಿ.

ಇಲ್ಲಿ ಉಳಿದುಹೋದ ಅರ್ಧ ಯಾವುದೆಂಬುದನ್ನು ವಿದ್ಯಾರ್ಥಿಗಳು ಗಮನಿಸಬೇಕು. ನೇಮಿನಾಥನ ಚರಿತೆಯ ತಿರುಳಿರುವುದು ಅವನ ವಿವಾಹದ ದಿನದಲ್ಲಿ. ರಾಜೀಮತಿಯನ್ನು ವರಿಸಲು ರಥವೇರಿ ಹೊರಟ ಅವನು, ಮದುವೆಯ ಔತಣಕ್ಕಾಗಿ ಕೂಡಿಹಾಕಿದ್ದ ಪ್ರಾಣಿಗಳ ಆರ್ತನಾದವನ್ನು ಕೇಳುತ್ತಾನೆ. ರಥ ಹಿಂದಿರುಗುತ್ತದೆ. ಅವನು ಎಲ್ಲವನ್ನೂ ತೊರೆದು ಗಿರಿನಾರಿನ ಊರ್ಜಯಂತ ಪರ್ವತವನ್ನು ಸೇರುತ್ತಾನೆ. ‘ಲೀಲಾವತಿ’ ಕನಸಿನಿಂದ ಮದುವೆಯತ್ತ ಸಾಗುವ ಕಥೆ. ನೇಮಿಚರಿತೆ ಮದುವೆಯಿಂದ ವೈರಾಗ್ಯದತ್ತ ತಿರುಗುವ ಕಥೆ. ಕವಿಯ ಎರಡು ಕೃತಿಗಳು ಒಂದಕ್ಕೊಂದು ಎದುರುಬದುರಾಗಿ ನಿಲ್ಲಬೇಕಾಗಿದ್ದ ಸ್ಥಳದಲ್ಲಿಯೇ ಪುರಾಣ ಇಲ್ಲವಾಗಿದೆ.

ಇದರಿಂದ ನೇಮಿಚಂದ್ರನಿಗೆ ಅನ್ಯಾಯವಾಯಿತು. ಶೃಂಗಾರವನ್ನು ಪೂರ್ತಿಯಾಗಿ ಹೇಳಿ ವೈರಾಗ್ಯವನ್ನು ಅರ್ಧಕ್ಕೆ ಬಿಟ್ಟ ಕವಿ ಎಂದು ಅವನನ್ನು ಅಳೆಯುವುದು ಸುಲಭವಾಯಿತು. ಪಂಪನ ಶೃಂಗಾರವನ್ನು ಓದುವವರು ನೀಲಾಂಜನೆಯ ನೃತ್ಯವನ್ನು ಮುಂದಿಟ್ಟುಕೊಂಡು ಓದುತ್ತಾರೆ. ಕಣ್ಣೆದುರಿನ ಚೆಲುವು ಕ್ಷಣದಲ್ಲಿ ಕರಗಿಹೋಗುವುದೇ ಅಲ್ಲಿ ಆದಿದೇವನ ವೈರಾಗ್ಯಕ್ಕೆ ಕಾರಣ. ನೇಮಿಚಂದ್ರನ ಓದುಗರಿಗೆ ಅಂತಹ ಕೈದೀಪ ದೊರೆಯಲಿಲ್ಲ. ಆದುದರಿಂದ ಅವನ ಕಲ್ಪನೆಯನ್ನು ಅದರ ಬಲದಿಂದಲೇ ಓದಬೇಕಾಗಿದೆ. ಅವನೇ ಹೇಳಿದಂತೆ ಕಡಲನ್ನು ಕಟ್ಟಿದವರು ಕವಿಗಳು. ಕಟ್ಟದೆ ಉಳಿದ ಅರ್ಧ ಸೇತುವೆಗಾಗಿ, ಕಟ್ಟಿ ಮುಗಿಸಿದ ಸೇತುವೆಯನ್ನು ಕಡೆಗಣಿಸಬಾರದು.