ಹೆಸರು ಒಂದೇ, ಆವೃತ್ತಿ ಹಲವು

1985ರ ಮೊದಲ ವಿಂಡೋಸ್ 256 ಕಿಲೋಬೈಟ್ ಮೆಮೊರಿಯಲ್ಲೇ ನಡೆಯಬೇಕಿತ್ತು. ಆ ಇಕ್ಕಟ್ಟಿನಲ್ಲಿ ಹಲವು ಪ್ರೋಗ್ರಾಮುಗಳು ಒಂದೇ ಕೋಡನ್ನು ಹಂಚಿಕೊಳ್ಳಲು ಡಿಎಲ್‌ಎಲ್ ಕಡತಗಳು ನೆರವಾದವು. ಆದರೆ ಪ್ರೋಗ್ರಾಮು ಕಡತವನ್ನು ಹುಡುಕುತ್ತಿದ್ದುದು ಹೆಸರಿನಿಂದ ಮಾತ್ರ.

1990ರ ದಶಕದಲ್ಲಿ ಹೊಸ ಪ್ರೋಗ್ರಾಮೊಂದನ್ನು ಹಾಕಿಕೊಂಡರೆ, ಅದು ತಂದ ಅದೇ ಹೆಸರಿನ ಬೇರೆ ಆವೃತ್ತಿ ಮೊದಲಿದ್ದುದನ್ನು ಅಳಿಸಿಬಿಡಬಹುದಿತ್ತು. ನಿನ್ನೆಯವರೆಗೆ ಸರಿಯಿದ್ದ ಇನ್ನೊಂದು ಪ್ರೋಗ್ರಾಮು ಆಗ ಕೈಕೊಡುತ್ತಿತ್ತು. ಇದಕ್ಕೆ ‘ಡಿಎಲ್‌ಎಲ್ ನರಕ’ ಎಂದೇ ಹೆಸರು ಬಿತ್ತು.

ವಿಂಡೋಸ್ 2000 ತನ್ನ ಮುಖ್ಯ ಕಡತಗಳಿಗೆ ಕಾವಲಿಟ್ಟಿತು. 2001ರ ಎಕ್ಸ್‌ಪಿ, ಹೆಸರಿನೊಂದಿಗೆ ಆವೃತ್ತಿ, ತಯಾರಕರ ಗುರುತು, ಪ್ರೊಸೆಸರಿನ ಬಗೆಯನ್ನೂ ನೋಡಿ ಕೆಲವು ಕಡತಗಳ ಹಲವು ಆವೃತ್ತಿಗಳನ್ನು ಅಕ್ಕಪಕ್ಕದಲ್ಲೇ ಇಟ್ಟುಕೊಂಡಿತು.

ಹಸ್ತಪ್ರತಿಗಳನ್ನು ಸಂಪಾದಿಸುವವರಿಗೆ ಇದು ಗೊತ್ತಿದ್ದದ್ದೇ: ಪಾಠಾಂತರವನ್ನು ಅಳಿಸುವುದಲ್ಲ, ಗುರುತು ಹಚ್ಚಿ ಉಳಿಸಿಕೊಳ್ಳಬೇಕು.