ಮೌರಿತ್ಸಿಯೊ ಬಿಯಾಂಕಿ

ಮೌರಿತ್ಸಿಯೊ ಬಿಯಾಂಕಿ (ಜನನ: ೪ ಡಿಸೆಂಬರ್ ೧೯೫೫) ಇಟಲಿಯ ಏಕವ್ಯಕ್ತಿ ಎಲೆಕ್ಟ್ರಾನಿಕ್ ಸಂಗೀತಗಾರರು. ಎಂ.ಬಿ. ಎಂಬ ಸಂಕ್ಷಿಪ್ತ ನಾಮದಿಂದಲೇ ಹೆಚ್ಚು ಪರಿಚಿತರಾದ ಇವರು ಇಂಡಸ್ಟ್ರಿಯಲ್ ಸಂಗೀತ ಮತ್ತು ನಾಯ್ಸ್ ಸಂಗೀತ ಎಂಬ ಪ್ರಕಾರಗಳ ಆರಂಭಿಕ ಪ್ರವರ್ತಕರಲ್ಲಿ ಒಬ್ಬರು. ವಾದ್ಯವೃಂದ, ವೃತ್ತಿಪರ ಸ್ಟುಡಿಯೊ ಮತ್ತು ದೊಡ್ಡ ಧ್ವನಿಮುದ್ರಣ ಸಂಸ್ಥೆಗಳ ನೆರವಿಲ್ಲದೆ, ೧೯೭೯ರಿಂದ ೧೯೮೪ರವರೆಗಿನ ಅಲ್ಪಾವಧಿಯಲ್ಲಿ ಅವರು ಹೊರತಂದ ಕ್ಯಾಸೆಟ್‌ಗಳೂ ಧ್ವನಿತಟ್ಟೆಗಳೂ ಇಟಲಿಯ ಮುಖ್ಯವಾಹಿನಿಯಾಚೆಯ ಸಂಗೀತಕ್ಕೆ ಅಂತರರಾಷ್ಟ್ರೀಯ ಗಮನ ತಂದುಕೊಟ್ಟವು. ೧೯೮೪ರಲ್ಲಿ ಧಾರ್ಮಿಕ ಕಾರಣಗಳಿಂದ ಸಂಗೀತವನ್ನು ತ್ಯಜಿಸಿದ ಅವರು ೧೯೯೮ರಲ್ಲಿ ಮರಳಿ ಬಂದರು. ನಾಜಿ ಮರಣಶಿಬಿರಗಳನ್ನು ಕುರಿತ ಅವರ ಕೃತಿಯೂ, ಅದೇ ಕಾಲದಲ್ಲಿ ಅವರ ಧ್ವನಿಗಳನ್ನು ಬಳಸಿ ಇತರರು ಹೊರತಂದ ಎರಡು ತಟ್ಟೆಗಳೂ ಇಂದಿಗೂ ಚರ್ಚೆಗೆ ಒಳಗಾಗುತ್ತಿವೆ.

ಹಿನ್ನೆಲೆ

ಗದ್ದಲವನ್ನು ಸಂಗೀತದ ಸಾಮಗ್ರಿಯಾಗಿ ಬಳಸುವ ವಿಚಾರಕ್ಕೆ ಇಟಲಿಯಲ್ಲಿ ದೀರ್ಘ ಇತಿಹಾಸವಿದೆ. ಫ್ಯೂಚರಿಸ್ಟ್ ಪಂಥದ ಚಿತ್ರಕಾರ ಲುಯಿಜಿ ರುಸ್ಸೊಲೊ ೧೯೧೩ರಲ್ಲಿ 'ಗದ್ದಲಗಳ ಕಲೆ' ಎಂಬ ಪ್ರಣಾಳಿಕೆಯನ್ನು ಪ್ರಕಟಿಸಿ, ಯಂತ್ರಯುಗದ ಕಿವಿಗೆ ಹಳೆಯ ವಾದ್ಯಗಳ ನಾದ ಸಾಲದೆಂದು ವಾದಿಸಿದನು. ಗುಡುಗುವ, ಕಿರುಚುವ, ಗೊರಗುಟ್ಟುವ 'ಇಂತೊನರುಮೋರಿ' ಎಂಬ ಪೆಟ್ಟಿಗೆಗಳನ್ನು ನಿರ್ಮಿಸಿ ೧೯೧೪ರ ಏಪ್ರಿಲ್‌ನಲ್ಲಿ ಮಿಲಾನಿನ ದಾಲ್ ವೆರ್ಮೆ ರಂಗಮಂದಿರದಲ್ಲಿ ಕಛೇರಿ ನಡೆಸಿದನು. ಅದು ಪ್ರೇಕ್ಷಕರ ಪ್ರತಿಭಟನೆಯ ನಡುವೆ ಮುಗಿಯಿತು. ಬಿಯಾಂಕಿ ಹುಟ್ಟಿದ ೧೯೫೫ರಲ್ಲಿಯೇ ಸಂಗೀತಗಾರರಾದ ಲುಚಾನೊ ಬೆರಿಯೊ ಮತ್ತು ಬ್ರೂನೊ ಮದೆರ್ನಾ ಅವರು ಇಟಲಿಯ ಸಾರ್ವಜನಿಕ ಪ್ರಸಾರ ಸಂಸ್ಥೆಯಾದ ರಾಯ್‌ನ ಆಶ್ರಯದಲ್ಲಿ ಮಿಲಾನಿನಲ್ಲಿ ಧ್ವನಿಶಾಸ್ತ್ರ ಸ್ಟುಡಿಯೊ ಸ್ಥಾಪಿಸಿದರು. ಅದು ಯುರೋಪಿನ ಪ್ರಮುಖ ಎಲೆಕ್ಟ್ರಾನಿಕ್ ಸಂಗೀತ ಕೇಂದ್ರಗಳಲ್ಲಿ ಒಂದಾಯಿತು. ಆದರೆ ಅದರ ಬಾಗಿಲು ಆಹ್ವಾನಿತ ಸಂಗೀತಗಾರರಿಗೆ ಮಾತ್ರ ತೆರೆದಿತ್ತು.

೧೯೭೦ರ ದಶಕದ ಉತ್ತರಾರ್ಧದಲ್ಲಿ ಈ ಪರಿಸ್ಥಿತಿ ಬದಲಾಯಿತು. ಫಿಲಿಪ್ಸ್ ಸಂಸ್ಥೆ ೧೯೬೩ರಲ್ಲಿ ಪರಿಚಯಿಸಿದ ಕ್ಯಾಸೆಟ್ ಮನೆಮನೆಯ ವಸ್ತುವಾಯಿತು. ೧೯೭೮ರಲ್ಲಿ ಬಂದ ಕೋರ್ಗ್ ಎಂಎಸ್-೨೦ರಂತಹ ಸಿಂಥಸೈಜರ್‌ಗಳು ಸಾಧಾರಣ ಆದಾಯದವರಿಗೂ ಎಟಕುವ ಬೆಲೆಗೆ ದೊರೆಯತೊಡಗಿದವು. ಇಟಲಿಯ ಸಾಂವಿಧಾನಿಕ ನ್ಯಾಯಾಲಯ ೧೯೭೬ರಲ್ಲಿ ಸ್ಥಳೀಯ ಖಾಸಗಿ ಪ್ರಸಾರಕ್ಕೆ ಅವಕಾಶ ನೀಡಿದ್ದರಿಂದ ನೂರಾರು ಸ್ವತಂತ್ರ ರೇಡಿಯೊ ಕೇಂದ್ರಗಳು ಹುಟ್ಟಿಕೊಂಡವು. ಇದೇ ವೇಳೆಗೆ ಇಂಗ್ಲೆಂಡಿನಿಂದ ಪಂಕ್ ಚಳವಳಿ ಬಂದಿತು. ಶಾಸ್ತ್ರೀಯ ತರಬೇತಿ, ಬಂಡವಾಳ, ಪ್ರಕಾಶಕರ ಒಪ್ಪಿಗೆ ಇವಾವುವೂ ಇಲ್ಲದೆ ಯಾರು ಬೇಕಾದರೂ ತಮ್ಮ ಸಂಗೀತವನ್ನು ತಾವೇ ತಯಾರಿಸಿ ತಾವೇ ಹಂಚಬಹುದು ಎಂಬುದು ಅದರ ಮೂಲ ತತ್ತ್ವ. ಇದಕ್ಕೆ 'ಡು ಇಟ್ ಯುವರ್‌ಸೆಲ್ಫ್', ಅಂದರೆ 'ನೀನೇ ಮಾಡು' ಎಂಬ ಹೆಸರು ರೂಢಿಯಲ್ಲಿದೆ. ಗಿಟಾರಿನ ಬದಲು ಯಂತ್ರಗಳನ್ನು ಕೈಗೆತ್ತಿಕೊಂಡು ಈ ತತ್ತ್ವವನ್ನು ಪಾಲಿಸಿದವರಲ್ಲಿ ಲಂಡನ್ನಿನ ಥ್ರಾಬಿಂಗ್ ಗ್ರಿಸಲ್ ತಂಡ ಪ್ರಸಿದ್ಧವಾದುದು. ಇಂಡಸ್ಟ್ರಿಯಲ್ ಸಂಗೀತ ಎಂಬ ಹೆಸರು ಆ ತಂಡ ೧೯೭೬ರಲ್ಲಿ ಆರಂಭಿಸಿದ ಇಂಡಸ್ಟ್ರಿಯಲ್ ರೆಕಾರ್ಡ್ಸ್ ಸಂಸ್ಥೆಯಿಂದ ಬಂದಿದೆ.

ಆರಂಭದ ದಿನಗಳು

ಬಿಯಾಂಕಿಯವರು ಉತ್ತರ ಇಟಲಿಯ ಲೊಂಬಾರ್ದಿಯಾ ಪ್ರಾಂತದ ಮಾಂತೊವಾ ಜಿಲ್ಲೆಗೆ ಸೇರಿದ ಪೊಂಪೊನೆಸ್ಕೊ ಎಂಬ ಊರಿನಲ್ಲಿ ಜನಿಸಿದರು. ಅವರ ಸಂಗೀತ ಜೀವನ ರೂಪುಗೊಂಡದ್ದು ಮಿಲಾನ್ ನಗರದಲ್ಲಿ. ಜರ್ಮನಿಯ ಟ್ಯಾಂಜರಿನ್ ಡ್ರೀಮ್ ತಂಡ, ಅದರ ಆರಂಭಿಕ ಸದಸ್ಯ ಕೊನ್ರಾಡ್ ಶ್ನಿಟ್ಸ್‌ಲರ್ ಹಾಗೂ ಥ್ರಾಬಿಂಗ್ ಗ್ರಿಸಲ್ ಅವರ ಮೇಲೆ ಪ್ರಭಾವ ಬೀರಿದವು. ಸಂಗೀತ ರಚನೆಗೆ ತೊಡಗುವ ಮೊದಲು ಅವರು ಇಟಲಿಯ ಪತ್ರಿಕೆಗಳಿಗೆ ಸಂಗೀತ ಕುರಿತ ಲೇಖನಗಳನ್ನು ಬರೆಯುತ್ತಿದ್ದರು.

೧೯೭೯ರ ಆಗಸ್ಟ್‌ನಿಂದ ಅವರು 'ಸಾಖರ್-ಪೆಲ್ಟ್ಸ್' ಎಂಬ ಹೆಸರಿನಲ್ಲಿ ಕ್ಯಾಸೆಟ್‌ಗಳನ್ನು ಹೊರತರಲು ಆರಂಭಿಸಿದರು. ಜರ್ಮನ್ ಭಾಷೆಯಲ್ಲಿ 'ಪೆಲ್ಟ್ಸ್' ಎಂದರೆ ತುಪ್ಪಳು. ಈ ಹೆಸರು ಆಸ್ಟ್ರಿಯದ ಲೇಖಕ ಸಾಖರ್-ಮಾಸೊಖ್‌ನನ್ನೂ ಅವನ ಪ್ರಸಿದ್ಧ ಕಾದಂಬರಿಯನ್ನೂ ನೆನಪಿಸುತ್ತದೆ. ಈ ಹೆಸರಿನಲ್ಲಿ ಒಟ್ಟು ನಾಲ್ಕು ಕ್ಯಾಸೆಟ್‌ಗಳು ಬಂದವು. ೧೯೮೦ರಲ್ಲಿ ಅವರು ಈ ಹೆಸರನ್ನು ಕೈಬಿಟ್ಟು ತಮ್ಮ ನಿಜನಾಮವನ್ನೂ ಅದರ ಮೊದಲಕ್ಷರಗಳಾದ ಎಂ.ಬಿ. ಎಂಬುದನ್ನೂ ಬಳಸತೊಡಗಿದರು.

ಅಂಚೆಯ ಜಾಲ

ಈ ಬಗೆಯ ಸಂಗೀತ ಅಂಗಡಿಗಳಲ್ಲಿ ದೊರೆಯುತ್ತಿರಲಿಲ್ಲ. ಅದರ ಹಂಚಿಕೆಗೆ ಆಧಾರವಾಗಿದ್ದುದು ಅಂಚೆ. ಸಂಗೀತಗಾರನೊಬ್ಬ ಮನೆಯಲ್ಲಿ ಧ್ವನಿ ಮುದ್ರಿಸಿ, ಒಂದೊಂದೇ ಪ್ರತಿ ಮಾಡಿ, ಹೊದಿಕೆಯನ್ನು ಜೆರಾಕ್ಸ್ ಯಂತ್ರದಲ್ಲಿ ತೆಗೆದು, ಲಕೋಟೆಯಲ್ಲಿಟ್ಟು ಅಪರಿಚಿತ ವಿಳಾಸಕ್ಕೆ ಕಳುಹಿಸುತ್ತಿದ್ದನು. ಕೆಲವು ವಾರಗಳ ನಂತರ ಇನ್ನೊಂದು ದೇಶದಿಂದ ಬೇರೊಂದು ಕ್ಯಾಸೆಟ್ ಪ್ರತಿಯಾಗಿ ಬರುತ್ತಿತ್ತು. ಇಟಲಿಯಲ್ಲಿ ವಿತ್ತೊರೆ ಬರೋನಿ ಮತ್ತು ಅವರ ಸಂಗಡಿಗರು ೧೯೮೧ರಲ್ಲಿ ಆರಂಭಿಸಿದ 'ಟ್ರಾಕ್ಸ್' ಯೋಜನೆಯೂ ಇಂತಹ ಅಂಚೆ ವಿನಿಮಯವನ್ನೇ ಕಲೆಯಾಗಿಸಿತು.

ಬಿಯಾಂಕಿಯವರು ಈ ಜಾಲದ ಸಕ್ರಿಯ ಪತ್ರಮಿತ್ರರಾಗಿದ್ದರು. ಜಪಾನಿನ ಮೆರ್ಜ್‌ಬೋ, ಆಸ್ಟ್ರೇಲಿಯ ಮೂಲದ ಎಸ್‌ಪಿಕೆ, ಅಮೆರಿಕದ ಜಿ.ಎಕ್ಸ್. ಜುಪಿಟರ್-ಲಾರ್ಸನ್, ಇಂಗ್ಲೆಂಡಿನ ನೈಜೆಲ್ ಏಯರ್ಸ್ ಮತ್ತು ವಿಲಿಯಂ ಬೆನೆಟ್ ಅವರೊಡನೆ ಪತ್ರವ್ಯವಹಾರ ನಡೆಯಿತು. ತಮ್ಮ ನೆರೆಹೊರೆಯಲ್ಲಿ ಹೆಚ್ಚು ಕೇಳುಗರಿಲ್ಲದಿದ್ದರೂ ನಾಲ್ಕು ಖಂಡಗಳಲ್ಲಿ ಕೆಲವೇ ಕೆಲವು ಗಂಭೀರ ಶ್ರೋತೃಗಳನ್ನು ಪಡೆಯುವುದು ಇದರಿಂದ ಸಾಧ್ಯವಾಯಿತು.

ಸಿಂಫನಿ ಫಾರ್ ಎ ಜೆನೊಸೈಡ್

ಈ ಪತ್ರವ್ಯವಹಾರದ ಫಲವಾಗಿ ಬಿಯಾಂಕಿಯವರ ಮೊದಲ ದೀರ್ಘಾವಧಿ ಧ್ವನಿತಟ್ಟೆ 'ಸಿಂಫನಿ ಫಾರ್ ಎ ಜೆನೊಸೈಡ್' (ನರಮೇಧಕ್ಕೊಂದು ಸಿಂಫನಿ) ೧೯೮೧ರಲ್ಲಿ ನೈಜೆಲ್ ಏಯರ್ಸ್ ಅವರ ಸ್ಟೆರೈಲ್ ರೆಕಾರ್ಡ್ಸ್ ಮೂಲಕ ಪ್ರಕಟವಾಯಿತು. ತಟ್ಟೆಯನ್ನು ಅಚ್ಚು ಹಾಕಿಸಲು ಬೇಕಾದ ಹಣವನ್ನು ಸ್ವತಃ ಬಿಯಾಂಕಿಯವರೇ ಕಳುಹಿಸಿದ್ದರು.

ತಟ್ಟೆಯಲ್ಲಿರುವ ರಚನೆಗಳಿಗೆ ಟ್ರೆಬ್ಲಿಂಕಾ, ಔಶ್ವಿತ್ಸ್, ಬೆಲ್ಜೆಕ್, ಖೆಲ್ಮ್ನೊ, ಮೈದಾನೆಕ್, ಸೋಬಿಬೋರ್ ಎಂಬ ಹೆಸರುಗಳಿವೆ. ಇವು ಎರಡನೆಯ ಮಹಾಯುದ್ಧ ಕಾಲದಲ್ಲಿ ಜರ್ಮನಿಯು ವಶಪಡಿಸಿಕೊಂಡಿದ್ದ ಪೋಲೆಂಡಿನ ನೆಲದಲ್ಲಿ ನಾಜಿಗಳು ನಡೆಸಿದ ಆರು ಮರಣಶಿಬಿರಗಳು. ಹೊದಿಕೆಯ ಮೇಲೆ ಔಶ್ವಿತ್ಸ್ ಶಿಬಿರದ ಕೈದಿಗಳ ವಾದ್ಯವೃಂದದ ಚಿತ್ರವಿದೆ. ಅಧಿಕಾರಿಗಳ ಬಲವಂತಕ್ಕೆ ಒಳಗಾಗಿ, ಸಾವಿನ ನೆರಳಿನಲ್ಲಿಯೇ ಸಂಗೀತ ನುಡಿಸಬೇಕಾಗಿ ಬಂದ ಜನರ ಚಿತ್ರವಿದು. ನಾಗರಿಕತೆಯ ಶ್ರೇಷ್ಠ ಫಲವೆನಿಸಿದ ಸಂಗೀತವೂ ಕೊಲೆಯ ಯಂತ್ರದ ಒಂದು ಭಾಗವಾಗಬಲ್ಲದು ಎಂಬ ಸತ್ಯವನ್ನು ಶೀರ್ಷಿಕೆಯಲ್ಲಿರುವ 'ಸಿಂಫನಿ' ಎಂಬ ಪದ ಈ ಚಿತ್ರದೊಡನೆ ಸೇರಿ ಸೂಚಿಸುತ್ತದೆ. ಹಿಂಬದಿಯಲ್ಲಿ ಕೃತಿಯ ನೀತಿಯನ್ನು ಒಂದು ವಾಕ್ಯದಲ್ಲಿ ಮುದ್ರಿಸಲಾಗಿದೆ. ಹಿಂದಿನ ದಂಡನೆಯನ್ನು ವರ್ತಮಾನದ ಕುರುಡುತನಕ್ಕೆ ಜೋಡಿಸುವ ವಾಕ್ಯವದು.

ಕೃತಿಯಲ್ಲಿ ಹಾಡಿಲ್ಲ, ನಿರೂಪಣೆಯಿಲ್ಲ. ಯಂತ್ರದ ಮಿಡಿತ, ಪ್ರತಿಧ್ವನಿಯಲ್ಲಿ ಕರಗುವ ಸಿಂಥಸೈಜರ್ ಧ್ವನಿ, ಮಸುಕಾದ ಗುಂಗು ಇವುಗಳಷ್ಟೇ ಇವೆ. ಕೇಳುಗನಿಗೆ ದಾರಿ ತೋರುವುದು ಶೀರ್ಷಿಕೆಗಳು ಮತ್ತು ಹೊದಿಕೆ ಮಾತ್ರ.

ಲೈಬ್‌ಸ್ಟಾಂಡಾರ್ಟ ವಿವಾದ

ಸರಿಸುಮಾರು ಇದೇ ಸಮಯದಲ್ಲಿ ಬಿಯಾಂಕಿಯವರು ತಮ್ಮ ಇನ್ನಷ್ಟು ಮುದ್ರಣಗಳನ್ನು ಲಂಡನ್ನಿನ ವೈಟ್‌ಹೌಸ್ ತಂಡದ ಸ್ಥಾಪಕ ವಿಲಿಯಂ ಬೆನೆಟ್ ನಡೆಸುತ್ತಿದ್ದ ಕಮ್ ಆರ್ಗನೈಸೇಷನ್ ಸಂಸ್ಥೆಗೆ ಕೊಟ್ಟರು. ಮುದ್ರಣಗಳನ್ನು ಮಾರ್ಪಡಿಸಲು ಸಂಸ್ಥೆಗೆ ಅವಕಾಶ ಕೊಡುವ ಒಪ್ಪಂದಕ್ಕೆ ಅವರು ಸಹಿ ಹಾಕಿದ್ದರು. ಸಂಸ್ಥೆಯು ಅವುಗಳಿಗೆ ನಾಜಿ ನಾಯಕರ ಭಾಷಣಗಳ ಧ್ವನಿಯನ್ನು ಬೆರೆಸಿ, 'ಟ್ರಯಂಫ್ ಆಫ್ ದಿ ವಿಲ್' ಮತ್ತು 'ವೆಲ್ಟ್‌ಆನ್‌ಶೌಂಗ್' ಎಂಬ ಶೀರ್ಷಿಕೆಗಳಲ್ಲಿ ಎರಡು ತಟ್ಟೆಗಳಾಗಿ ಪ್ರಕಟಿಸಿತು. ಇವುಗಳಲ್ಲಿ ಮೊದಲನೆಯದು ಲೆನಿ ರೀಫೆನ್‌ಷ್ಟಾಲ್ ೧೯೩೫ರಲ್ಲಿ ನಿರ್ಮಿಸಿದ ನಾಜಿ ಪ್ರಚಾರ ಚಿತ್ರದ ಹೆಸರು. ಕಲಾವಿದನ ಹೆಸರಿನ ಜಾಗದಲ್ಲಿ 'ಲೈಬ್‌ಸ್ಟಾಂಡಾರ್ಟ ಎಸ್‌ಎಸ್ ಎಂಬಿ' ಎಂದಿತ್ತು. ಲೈಬ್‌ಸ್ಟಾಂಡಾರ್ಟ ಎಂಬುದು ಹಿಟ್ಲರನ ಅಂಗರಕ್ಷಕ ದಳದ ಹೆಸರಾಗಿತ್ತು.

ಆ ಕಾಲದ ಇಂಡಸ್ಟ್ರಿಯಲ್ ಸಂಗೀತದಲ್ಲಿ ಕೇಳುಗರನ್ನು ಬೆಚ್ಚಿಬೀಳಿಸಲು ಇಂತಹ ಚಿಹ್ನೆಗಳನ್ನು ಬಳಸುವುದು ಸಾಮಾನ್ಯವಾಗಿತ್ತು. ಆದರೆ ಬಿಯಾಂಕಿಯವರ ವಿಷಯದಲ್ಲಿ ಪರಿಣಾಮ ಗಂಭೀರವಾಯಿತು. ನರಮೇಧದ ಬಲಿಪಶುಗಳನ್ನು ಸ್ಮರಿಸುವ ಕೃತಿ ರಚಿಸಿದವರ ಹೆಸರಿನ ಮೊದಲಕ್ಷರಗಳು ಬಲಿ ಪಡೆದವರ ಲಾಂಛನದೊಡನೆ ಸೇರಿಹೋದವು. ಮುಂದೆ ಬಿಯಾಂಕಿಯವರು ಈ ತಟ್ಟೆಗಳಿಂದ ದೂರ ಸರಿದರೂ ಸಂದೇಹದ ನೆರಳು ಹಲವು ವರ್ಷಗಳ ಕಾಲ ಉಳಿಯಿತು.

ಈ ಪ್ರಸಂಗವು 'ನೀನೇ ಮಾಡು' ತತ್ತ್ವದ ಒಂದು ಮುಖ್ಯ ಅಂಶವನ್ನು ಸ್ಪಷ್ಟಪಡಿಸುತ್ತದೆ. ಪದಗಳಿಲ್ಲದ ಗದ್ದಲಕ್ಕೆ ತನ್ನದೇ ಆದ ನಿಶ್ಚಿತ ಅರ್ಥವಿರುವುದಿಲ್ಲ. ಶೀರ್ಷಿಕೆ, ಚಿತ್ರ ಮತ್ತು ಪಕ್ಕದಲ್ಲಿ ಕೇಳುವ ಮಾತು ಅದಕ್ಕೆ ಅರ್ಥ ಕೊಡುತ್ತವೆ. ಒಂದೇ ಬಗೆಯ ಧ್ವನಿ ಒಂದು ಹೊದಿಕೆಯಲ್ಲಿ ಶೋಕವಾಗಿಯೂ ಇನ್ನೊಂದರಲ್ಲಿ ಪ್ರಚೋದನೆಯಾಗಿಯೂ ಕೇಳಿಸಬಲ್ಲದು. ಆದ್ದರಿಂದ ಧ್ವನಿಯ ಜೊತೆಗೆ ಹೊದಿಕೆಯನ್ನೂ ತಾನೇ ಸಿದ್ಧಪಡಿಸುವುದು ಕೇವಲ ಮಿತವ್ಯಯದ ಕ್ರಮವಲ್ಲ, ಕೃತಿಯ ಅರ್ಥಕ್ಕೆ ತಾನೇ ಹೊಣೆಯಾಗುವ ಕ್ರಮವೂ ಹೌದು.

೧೯೮೨–೧೯೮೪ರ ಕೃತಿಗಳು

ಮುಂದಿನ ಎರಡು-ಮೂರು ವರ್ಷಗಳಲ್ಲಿ ಬಿಯಾಂಕಿಯವರು ಹಲವು ತಟ್ಟೆಗಳನ್ನು ಹೊರತಂದರು. ಇವುಗಳಲ್ಲಿ ಕೆಲವನ್ನು ಅವರು ತಾವೇ ಪ್ರಕಟಿಸಿದರು; ಉಳಿದವು ವಿದೇಶಗಳ ಸಣ್ಣ ಸಂಸ್ಥೆಗಳಿಂದ ಬಂದವು. 'ಮೆನ್ಸಸ್', 'ಎಂದೊಮೆತ್ರಿಯೊ', 'ಕಾರ್ಚಿನೋಸಿ' ಮೊದಲಾದ ಶೀರ್ಷಿಕೆಗಳು ವೈದ್ಯಶಾಸ್ತ್ರದಿಂದ ಬಂದವು. ಇವು ಕ್ರಮವಾಗಿ ಋತುಸ್ರಾವ, ಗರ್ಭಾಶಯದ ಒಳಪದರ ಮತ್ತು ದೇಹದಲ್ಲಿ ಹರಡುವ ಅರ್ಬುದರೋಗವನ್ನು ಸೂಚಿಸುತ್ತವೆ. ಇತಿಹಾಸದ ಹಿಂಸೆಯಿಂದ ಅವರ ಗಮನ ದೇಹದ ಕ್ಷಯದ ಕಡೆಗೆ ತಿರುಗಿದುದನ್ನು ಇಲ್ಲಿ ಕಾಣಬಹುದು.

ಈ ಕಾಲದ ಹಲವು ತಟ್ಟೆಗಳಲ್ಲಿ ಒಂದು ಬದಿಗೆ ಒಂದೇ ದೀರ್ಘ ರಚನೆಯಿದೆ. ರಾಗಭಾವ, ಪಲ್ಲವಿ, ಏರಿಳಿತದ ಕಥನ ಇವಾವುವೂ ಇಲ್ಲಿಲ್ಲ. ಧ್ವನಿಗಳು ಪ್ರತಿಧ್ವನಿ ಯಂತ್ರದ ಮೂಲಕ ಹಾದು, ಒಂದರ ಮೇಲೊಂದು ಕುಳಿತು, ನಿಧಾನವಾಗಿ ಕೊಳೆಯುವಂತೆ ರೂಪ ಕಳೆದುಕೊಳ್ಳುತ್ತವೆ. ಪಂಕ್ ತಂಡಗಳ ಎರಡು ನಿಮಿಷದ ಅಬ್ಬರದ ಹಾಡಿಗೂ ಇದಕ್ಕೂ ಕೇಳ್ಮೆಯಲ್ಲಿ ಹೋಲಿಕೆಯಿಲ್ಲ. ಹೋಲಿಕೆ ಇರುವುದು ತಯಾರಿಕೆಯ ಕ್ರಮದಲ್ಲಿ ಮತ್ತು ಪರಿಣತಿಯ ಅಧಿಕಾರವನ್ನು ನಿರಾಕರಿಸುವ ಮನೋಭಾವದಲ್ಲಿ. ೧೯೮೩ರಲ್ಲಿ ಇಂಗ್ಲೆಂಡಿನ ಬ್ರೋಕನ್ ಫ್ಲ್ಯಾಗ್ ಸಂಸ್ಥೆಯಿಂದ ಬಂದ 'ದಿ ಪ್ಲೇನ್ ಟ್ರೂತ್' ಕೃತಿಯಲ್ಲಿ ಧ್ವನಿ ಹೆಚ್ಚು ಮೃದುವಾಗಿದ್ದು ವಿಷಾದದ ಛಾಯೆಯಿದೆ. ೧೯೮೪ರ 'ಅರ್ಮಾಗೆದೋನ್' ಕೃತಿಯ ಹೆಸರು ಬೈಬಲಿನ ಪ್ರಕಟನೆ ಗ್ರಂಥದಲ್ಲಿ ಬರುವ ಅಂತಿಮ ಯುದ್ಧದ ಸ್ಥಳವನ್ನು ಸೂಚಿಸುತ್ತದೆ.

ವಿರಾಮ ಮತ್ತು ಪುನರಾಗಮನ

ಈ ಅವಧಿಯಲ್ಲಿ ಬಿಯಾಂಕಿಯವರು 'ಯೆಹೋವನ ಸಾಕ್ಷಿಗಳು' ಎಂಬ ಕ್ರೈಸ್ತ ಪಂಥದತ್ತ ತಿರುಗಿ, ೧೯೮೪ರಲ್ಲಿ ಸಂಗೀತ ಚಟುವಟಿಕೆಯನ್ನು ಸಂಪೂರ್ಣವಾಗಿ ನಿಲ್ಲಿಸಿದರು. ಈ ಪಂಥದವರು ಹಿಟ್ಲರನಿಗೆ ನಿಷ್ಠೆಯನ್ನೂ ಸೈನಿಕ ಸೇವೆಯನ್ನೂ ನಿರಾಕರಿಸಿದ ಕಾರಣ ನಾಜಿ ಶಿಬಿರಗಳಲ್ಲಿ ನೇರಳೆ ತ್ರಿಕೋನದ ಗುರುತು ಧರಿಸಿ ಸೆರೆಯಲ್ಲಿದ್ದವರು ಎಂಬುದು ಇತಿಹಾಸದಲ್ಲಿ ದಾಖಲಾಗಿದೆ.

ಅವರು ಮೌನವಾಗಿದ್ದ ಹದಿನಾಲ್ಕು ವರ್ಷಗಳಲ್ಲಿ ಹಳೆಯ ತಟ್ಟೆಗಳು ವಿರಳವಾಗಿ, ಸಂಗ್ರಾಹಕರ ನಡುವೆ ಕೈಯಿಂದ ಕೈಗೆ ದಾಟುತ್ತಿದ್ದವು. ಮಿಲಾನಿನ ಆಲ್ಗಾ ಮಾರ್ಗೆನ್ ಪ್ರಕಾಶನದ ಎಮಾನುವೆಲೆ ಕಾರ್ಕಾನೊ ಅವರ ಪ್ರೋತ್ಸಾಹದಿಂದ ಬಿಯಾಂಕಿಯವರು ೧೯೯೮ರಲ್ಲಿ 'ಕೊಲೋರಿ' (ಬಣ್ಣಗಳು) ಎಂಬ ಕೃತಿಯೊಂದಿಗೆ ಮರಳಿದರು. ಹಳೆಯ ತಟ್ಟೆಗಳು ಸಿ.ಡಿ. ರೂಪದಲ್ಲಿ ಮರುಮುದ್ರಣಗೊಂಡವು. ಮೊದಲ ಅವಧಿಯಲ್ಲಿ ಏಕಾಂಗಿಯಾಗಿ ದುಡಿದವರು ಎರಡನೆಯ ಅವಧಿಯಲ್ಲಿ ಜಪಾನಿನ ಆಬೆ, ಜರ್ಮನಿಯ ಸೀಗ್‌ಮಾರ್ ಫ್ರಿಕೆ ಮುಂತಾದ ಅನೇಕರೊಡನೆ ಸೇರಿ ಕೃತಿಗಳನ್ನು ರಚಿಸಿದರು.

ಪ್ರಭಾವ

ಬಿಯಾಂಕಿಯವರ ನಂತರ ಇಟಲಿಯಲ್ಲಿ ಏಕವ್ಯಕ್ತಿ ನಾಯ್ಸ್ ಸಂಗೀತದ ಒಂದು ಪರಂಪರೆಯೇ ಬೆಳೆಯಿತು. ಪಿಯೆರ್‌ಪಾವೊಲೊ ಜೊಪ್ಪೊ ಅವರ 'ಮೌತ್‌ಹೌಸನ್ ಆರ್ಕೆಸ್ಟ್ರಾ', ಮಾರ್ಕೊ ಕೊರ್ಬೆಲ್ಲಿ ಅವರ 'ಆಟ್ರಾಕ್ಸ್ ಮೋರ್ಗ್', ಉದೀನೆಯ ಜಾಂಕಾರ್ಲೊ ತೊನ್ಯುತ್ತಿ ಅವರ ಕೃತಿಗಳು ಇದಕ್ಕೆ ಉದಾಹರಣೆಗಳು. ಒಬ್ಬನೇ ವ್ಯಕ್ತಿ ಮನೆಯಲ್ಲಿ ಕುಳಿತು ಸಂಗೀತವನ್ನು ರಚಿಸಿ, ಮುದ್ರಿಸಿ, ಜಗತ್ತಿಗೆ ಹಂಚುವುದು ಗಣಕಯಂತ್ರ ಮತ್ತು ಅಂತರಜಾಲದ ಕಾಲದಲ್ಲಿ ಸಹಜವೆನಿಸಿದೆ. ಬಿಯಾಂಕಿಯವರು ಅದನ್ನು ಕ್ಯಾಸೆಟ್ ಮತ್ತು ಅಂಚೆಚೀಟಿಗಳ ಕಾಲದಲ್ಲಿಯೇ ಮಾಡಿದ್ದರು.

ಆಯ್ದ ಧ್ವನಿಮುದ್ರಿಕೆಗಳು

* ಸಿಂಫನಿ ಫಾರ್ ಎ ಜೆನೊಸೈಡ್ (೧೯೮೧)
* ಮೆನ್ಸಸ್ (೧೯೮೨)
* ನ್ಯೂರೊ ಹ್ಯಾಬಿಟಾಟ್ (೧೯೮೨)
* ಎಂದೊಮೆತ್ರಿಯೊ (೧೯೮೩)
* ಕಾರ್ಚಿನೋಸಿ (೧೯೮೩)
* ದಿ ಪ್ಲೇನ್ ಟ್ರೂತ್ (೧೯೮೩)
* ಅರ್ಮಾಗೆದೋನ್ (೧೯೮೪)
* ಕೊಲೋರಿ (೧೯೯೮)